ತಕಾಗಿ-ಸಾನ್: ಒಂದೇ ಗುಕ್ಕಿಗೆ ನೋಡಿ ಮುಗಿಸಬೇಡಿ

'ಕರಕಾಯಿ ಜೋಜು ನೋ ತಕಾಗಿ-ಸಾನ್' ಎಂಬ ಅನಿಮೆಯ (ಜಪಾನಿ ಅನಿಮೇಷನ್ ಸರಣಿಯ) ಕಥೆ ಇಷ್ಟೇ: ಕ್ಲಾಸಿನಲ್ಲಿ ಅಕ್ಕಪಕ್ಕ ಕೂರುವ ಇಬ್ಬರಲ್ಲಿ ತಕಾಗಿ ಕೀಟಲೆ ಮಾಡುತ್ತಾಳೆ, ನಿಶಿಕಾತಾ ಸೇಡು ತೀರಿಸಿಕೊಳ್ಳಲು ಹೋಗಿ ಮತ್ತೆ ಸೋಲುತ್ತಾನೆ. 2018, 2019, 2022ರ ಮೂರು ಸೀಸನ್, ಒಂದೊಂದಕ್ಕೆ 12 ಎಪಿಸೋಡ್, ಕೊನೆಗೊಂದು ಸಿನಿಮಾ. ಎಲ್ಲ ನಿಂತಿರುವುದು ಇಷ್ಟರ ಮೇಲೆಯೇ.

ಮೊದಲ ಎಪಿಸೋಡಿನ ರಬ್ಬರ್ ಪ್ರಸಂಗ ನೋಡಿ. ಇಷ್ಟಪಟ್ಟವರ ಹೆಸರನ್ನು ರಬ್ಬರಿನ ಮೇಲೆ ಬರೆದು ಪೂರ್ತಿ ಸವೆಸಿದರೆ ಪ್ರೀತಿ ಕೈಗೂಡುತ್ತದೆಂಬ ನಂಬಿಕೆ. ತಕಾಗಿ ಹೊರಗೆ ಹೋದದ್ದೇ ತಡ, ನಿಶಿಕಾತಾ ಅವಳ ರಬ್ಬರಿನ ಕವರ್ ಸರಿಸುತ್ತಾನೆ. 'ಕಾರಿಡಾರ್ ನೋಡು' ಎಂದು ಬರೆದಿದೆ! ಅಲ್ಲಿ ನಿಂತು ಅವಳು ನಗುತ್ತಿದ್ದಾಳೆ. ರಬ್ಬರಿನ ಇನ್ನೊಂದು ಮಗ್ಗುಲಲ್ಲಿ ಇರುವುದು ಅವನದೇ ಹೆಸರು. ನಮಗೆ ಕಾಣುತ್ತದೆ, ಅವನಿಗಿಲ್ಲ. ಕೀಟಲೆಯ ಮರೆಯಲ್ಲಿ ಅವಳು ನಿಜವನ್ನೇ ಹೇಳಿಬಿಟ್ಟಿರುತ್ತಾಳೆ. ಅವನು ಅದನ್ನೊಮ್ಮೆ ತಿರುಗಿಸಿದ್ದರೆ ಸಿಕ್ಕಿಬೀಳುತ್ತಿದ್ದವಳು ಅವಳು. ಮೇಲ್ನೋಟಕ್ಕೆ ಸದಾ ಗೆಲ್ಲುವವಳೇ ಇಲ್ಲಿ ಹೆಚ್ಚು ಅಪಾಯಕ್ಕೆ ಒಡ್ಡಿಕೊಂಡವಳು. ಇದು ಹೊಳೆಯದಿದ್ದರೆ ಸರಣಿ ಬರೀ ಗೋಳುಹೊಯ್ಕೊಳ್ಳೋ ಆಟದಂತೆ ಕಾಣುತ್ತದೆ.

ಉಳಿದದ್ದೆಲ್ಲ ಕಾಲಹರಣ. ಶಾಲೆಯಿಂದ ಮನೆಗೆ ನಡೆಯುವುದು, ಗುಡಿಯ ಮೆಟ್ಟಿಲ ಮೇಲೆ ಕೂರುವುದು, ಸೈಕಲ್ಲಿನಲ್ಲಿ ಡಬಲ್ ರೈಡ್ ಕಲಿಯುವುದು. ಹಿನ್ನೆಲೆಯಲ್ಲಿ ಕಾಣುವುದು ಕಾಗಾವಾ ಪ್ರಾಂತ್ಯದ ಶೋದೋಶಿಮಾ ದ್ವೀಪ, ಮೂಲ ಮಾಂಗಾ (ಜಪಾನಿ ಚಿತ್ರಕಥೆ) ಬರೆದ ಯಾಮಾಮೊಟೊ ಸೋಇಚಿರೋ ಅವರ ಊರು. ಆ ಇಳಿಜಾರು ರಸ್ತೆಗಳಲ್ಲಿ ಯಾರಿಗೂ ಅವಸರವಿಲ್ಲ. ಮುಕ್ತಾಯದ ಹಾಡುಗಳಿಗೂ ಕಿವಿಗೊಡಿ: ಹಳೆಯ ಜಪಾನಿ ಜನಪ್ರಿಯ ಗೀತೆಗಳನ್ನು ತಕಾಗಿಗೆ ದನಿ ಕೊಟ್ಟ ತಾಕಾಹಾಶಿ ರಿಯೆ ಅವರೇ ಹಾಡಿದ್ದಾರೆ. ಸ್ಕಿಪ್ ಒತ್ತಬೇಡಿ.

ಕೊರತೆ ಇಲ್ಲವೆಂದಲ್ಲ. ಒಂದು ಎಪಿಸೋಡಿನಲ್ಲಿ ಮೂರ್ನಾಲ್ಕು ಸಣ್ಣ ತುಣುಕುಗಳಿದ್ದು, ಹೆಚ್ಚಿನವಕ್ಕೆ ಒಂದೇ ಅಚ್ಚು: ಅವನ ಉಪಾಯ, ಮುಖ ನೋಡಿಯೇ ಅವಳು ಅದನ್ನು ಓದಿಬಿಡುವುದು, ಅವನ ಸೋಲು, ದಂಡವಾಗಿ ಪುಷ್‌ಅಪ್. ಆರು ಎಪಿಸೋಡ್ ಒಟ್ಟಿಗೆ ನೋಡಿದರೆ ಮುಂದಿನ ಸಾಲು ನೀವೇ ಹೇಳಬಲ್ಲಿರಿ. ದಿನಕ್ಕೊಂದು ಸಾಕು, ಊಟವಾದ ಮೇಲೆ. ಮಿನಾ, ಯುಕಾರಿ, ಸನಾಏ ಎಂಬ ಮೂವರು ಗೆಳತಿಯರ ತುಣುಕುಗಳು ಬೇರೊಂದು ಮಾಂಗಾದಿಂದ ಬಂದವು. ತಮಾಷೆಯಾಗಿವೆ, ಆದರೆ ಜೋಡಿಯ ಲಯ ಕೆಡಿಸುತ್ತವೆ.

ಮೊದಲ ಸೀಸನ್ ನೋಡಿ ಸಪ್ಪೆ ಅನ್ನಿಸಿದವರು ಎರಡನೆಯದರ ಕೊನೆಯ ಎಪಿಸೋಡಿನವರೆಗಾದರೂ ತಾಳಿ. ಬೇಸಿಗೆ ಜಾತ್ರೆಯ ಗದ್ದಲದಲ್ಲಿ ಕೈ ಹಿಡಿಯುವ ಆ ಗಳಿಗೆ ಅಷ್ಟು ಕೆಲಸ ಮಾಡುವುದು 23 ಎಪಿಸೋಡ್ ಏನೂ ನಡೆಯದೆ ಇದ್ದುದರಿಂದಲೇ. ಸಿನಿಮಾವನ್ನು ಮೂರೂ ಸೀಸನ್ ಆದ ಮೇಲೆಯೇ ನೋಡಿ. ಅದರಲ್ಲಿ ಬೆಕ್ಕಿನ ಮರಿಯ ಕಾರಣಕ್ಕೆ ತಕಾಗಿ ಅಳುತ್ತಾಳೆ. ಅವಳ ನಗು ಅಭ್ಯಾಸವಾಗಿರದವರಿಗೆ ಆ ಅಳು ತಟ್ಟುವುದಿಲ್ಲ. ಇವರಿಬ್ಬರೂ ಮದುವೆಯಾಗಿ ಮಗಳೊಂದಿಗೆ ಇರುವ ಉಪಮಾಂಗಾ ಬೇರೆ ಇದೆ. ಅದನ್ನು ಮೊದಲೇ ಓದಿದರೂ ನಷ್ಟವಿಲ್ಲ, ಇಲ್ಲಿ ಕುತೂಹಲ 'ಆಗುತ್ತದೋ ಇಲ್ಲವೋ' ಎಂಬುದರ ಮೇಲಿಲ್ಲ.