ಮೈಸೂರಿನ ಗೋಡೆಗೊಂದು ಡಾರ್ಟ್‌ಬೋರ್ಡು: ಯಾವುದನ್ನು ಕೊಳ್ಳಬೇಕು, ಯಾವುದನ್ನು ಬಿಡಬೇಕು

ದೇವರಾಜ ಅರಸು ರಸ್ತೆಯ ಸುತ್ತಲಿನ ಆಟದ ಸಾಮಾನಿನ ಅಂಗಡಿಗಳಲ್ಲಿ ಡಾರ್ಟ್ ಎಂಬ ಚಿಕ್ಕ ಬಾಣ ಎಸೆದು ಅಂಕ ಗಳಿಸುವ ಡಾರ್ಟ್‌ಬೋರ್ಡು ಕೇಳಿದರೆ ಕೇರಂ ಬೋರ್ಡುಗಳ ಹಿಂದಿನಿಂದ ಸಾಮಾನ್ಯವಾಗಿ ಹೊರಬರುವುದು ಎರಡು ಬಗೆ: ಕಾಗದ ಸುತ್ತಿ ಮಾಡಿದ್ದು, ಇಲ್ಲವೇ ಅಯಸ್ಕಾಂತದ್ದು. ಮೂರನೆಯದಾದ ಕತ್ತಾಳೆ ನಾರಿನ ಬೋರ್ಡನ್ನು ಬೇಕೆಂದರೆ ತರಿಸಿಕೊಡುತ್ತಾರೆ, ಅಥವಾ ಆನ್‌ಲೈನ್‌ನಲ್ಲಿ ತರಿಸಿಕೊಳ್ಳಬೇಕು. ಆಟ ಕಲಿಯುವ ಮನಸ್ಸು ನಿಜವಾಗಿ ಇದ್ದರೆ ಆ ಮೂರನೆಯದಕ್ಕೇ ಕಾಯಿರಿ. ಮೊದಲೆರಡರ ಮೇಲೆ ಹಾಕುವ ದುಡ್ಡು ಎರಡು ತಿಂಗಳಿಗೆ ಮುಗಿದುಹೋಗುವ ದುಡ್ಡು.

ಈಚೆಗೆ ಈ ಆಟದತ್ತ ಹುಡುಗರ ಕಣ್ಣು ಹರಿಯುತ್ತಿರುವುದಕ್ಕೆ ದೊಡ್ಡ ಕಾರಣ ಲ್ಯೂಕ್ ಲಿಟ್ಲರ್. ಇಂಗ್ಲೆಂಡಿನ ವಾರಿಂಗ್ಟನ್‌ನ ಈ ಆಟಗಾರ ಹುಟ್ಟಿದ್ದು 2007ರ ಜನವರಿ 21ರಂದು. 16ನೇ ವಯಸ್ಸಿಗೆ ವಿಶ್ವ ಡಾರ್ಟ್ಸ್ ಚಾಂಪಿಯನ್‌ಷಿಪ್‌ಗೆ ಮೊದಲ ಸಲ ಬಂದು, ಮೊದಲ ಪಂದ್ಯದಲ್ಲೇ ಮೂರು ಡಾರ್ಟ್‌ಗೆ ಸರಾಸರಿ 106.12 ಅಂಕ ಹೊಡೆದು, 2024ರ ಫೈನಲ್‌ವರೆಗೂ ಹೋಗಿ ಲ್ಯೂಕ್ ಹಂಫ್ರೀಸ್‌ಗೆ 4-7ರಲ್ಲಿ ಸೋತರು. 2025ರ ಜನವರಿ 3ರಂದು ಮೈಕೆಲ್ ವಾನ್ ಗರ್ವೆನ್ ಅವರನ್ನು 7-3ರಲ್ಲಿ ಸೋಲಿಸಿ, 17ನೇ ವಯಸ್ಸಿಗೇ ಪ್ರಶಸ್ತಿ ಎತ್ತಿಕೊಂಡರು. ಅಷ್ಟು ಚಿಕ್ಕವರು ಅದನ್ನು ಹಿಂದೆಂದೂ ಗೆದ್ದಿರಲಿಲ್ಲ. 2026ರಲ್ಲಿ ಗಿಯಾನ್ ವಾನ್ ವೀನ್ ಎದುರು 7-1ರಲ್ಲಿ ಗೆದ್ದು ಪಟ್ಟ ಉಳಿಸಿಕೊಂಡರು. ಆ ಸಲದ ಮೊದಲ ಬಹುಮಾನ 10 ಲಕ್ಷ ಪೌಂಡ್. ಅದೇ ಪಂದ್ಯಾವಳಿಯಲ್ಲಿ ನಮ್ಮ ನಿತಿನ್ ಕುಮಾರ್ ನೆದರ್‌ಲೆಂಡ್ಸ್‌ನ ರಿಚರ್ಡ್ ವೀನ್‌ಸ್ಟ್ರಾ ಅವರನ್ನು 3-2ರಲ್ಲಿ ಮಣಿಸಿ, ಅಲ್ಲಿ ಪಂದ್ಯ ಗೆದ್ದ ಮೊದಲ ಭಾರತೀಯರಾದರು. ನಮ್ಮ ಕಡೆ ಅದರ ಸುದ್ದಿ ಆಗಬೇಕಾದಷ್ಟು ಆಗಲಿಲ್ಲ.

ಕ್ರಿಕೆಟ್ ಕಲಿಯುವ ಹುಡುಗನಿಗೆ ಮಾನಸಗಂಗೋತ್ರಿಯ ಹಸಿರು ಮೈದಾನ ಸಿಗಬೇಕು, ನೆಟ್ಸ್ ಬೇಕು, ಬೌಲರ್ ಬೇಕು. ಡಾರ್ಟ್ಸ್‌ನಲ್ಲಿ ಲಿಟ್ಲರ್ ಎಸೆಯುವ ಬೋರ್ಡಿಗೂ ಸರಸ್ವತಿಪುರಂನ ಮನೆಯೊಂದರ ಗೋಡೆಗೆ ತೂಗಿದ ಬೋರ್ಡಿಗೂ ಅಳತೆಯಲ್ಲಿ ಕೂದಲೆಳೆಯ ವ್ಯತ್ಯಾಸವೂ ಇರಬೇಕಾಗಿಲ್ಲ. ಆದ್ದರಿಂದಲೇ ಕೊಳ್ಳುವಾಗ ಸರಿಯಾದುದನ್ನು ಕೊಂಡು, ತೂಗುವಾಗ ಸರಿಯಾಗಿ ಅಳೆದು ತೂಗುವುದು ಮುಖ್ಯ. ತಪ್ಪು ದೂರದಿಂದ ಆರು ತಿಂಗಳು ಎಸೆದು ಪಳಗಿದ ಕೈಯನ್ನು ಮತ್ತೆ ತಿದ್ದುವುದು ಹೊಸದಾಗಿ ಕಲಿಸುವುದಕ್ಕಿಂತ ಕಷ್ಟ.

ಕಾಗದದ ಬೋರ್ಡಿನಿಂದ ಶುರು ಮಾಡೋಣ. ಸಾವಿರ ರೂಪಾಯಿಯೊಳಗೆ ಸಿಗುವುದು ಬಹುಪಾಲು ಇದೇ. ಕಾಗದದ ಪಟ್ಟಿಯನ್ನು ಬಿಗಿಯಾಗಿ ಸುರುಳಿ ಸುತ್ತಿ, ಮೇಲೆ ಬಣ್ಣ ಹೊಡೆದು, ತಂತಿ ಕೂರಿಸಿರುತ್ತಾರೆ. ಮೊನೆ ಚುಚ್ಚಿದ ಕಡೆ ತೂತು ಹಾಗೇ ಉಳಿಯುತ್ತದೆ. ಎಲ್ಲರೂ ಗುರಿಯಿಡುವುದು 20ರ ಟ್ರೆಬಲ್‌ಗೆ, ಅಂದರೆ ಅಂಕ ಮೂರು ಪಟ್ಟಾಗುವ ಒಳಗಿನ ಕಿರುಪಟ್ಟಿಗೆ, ಹಾಗಾಗಿ ಆ ಜಾಗ ಮೊದಲು ಪುಡಿಯಾಗಿ ಉದುರುತ್ತದೆ. ಆಮೇಲೆ ಅಲ್ಲಿಗೆ ಬಿದ್ದ ಡಾರ್ಟ್ ನಿಲ್ಲುವುದೇ ಇಲ್ಲ. ಇನ್ನೊಂದು ದೋಷ ಅಳತೆಯದು. ಅಂಗಡಿಯಲ್ಲೇ ಟೇಪು ಹಿಡಿದು ನೋಡಿ: ಅಂಕ ಎರಡು ಪಟ್ಟಾಗುವ ಡಬಲ್ ಉಂಗುರದ ಹೊರ ಅಂಚಿನಿಂದ ಎದುರಿನ ಹೊರ ಅಂಚಿಗೆ 340 ಮಿ.ಮೀ. ಇರಬೇಕು, ಇಡೀ ಬೋರ್ಡಿನ ಅಡ್ಡಗಲ 451 ಮಿ.ಮೀ. ಡಬಲ್, ಟ್ರೆಬಲ್ ಪಟ್ಟಿಗಳ ಅಗಲ ತಲಾ 8 ಮಿ.ಮೀ., ನಡುವಿನ 50 ಅಂಕದ ಬುಲ್ 12.7 ಮಿ.ಮೀ. ಇದಕ್ಕಿಂತ ಚಿಕ್ಕದಾದ ಬೋರ್ಡು ಆಟಿಕೆ ಅಷ್ಟೆ.

ಅಯಸ್ಕಾಂತದ್ದನ್ನು ಪೂರ್ತಿ ತೆಗೆದುಹಾಕುವ ಹಾಗಿಲ್ಲ. ಲಿಟ್ಲರ್ ಒಂದೂವರೆ ವರ್ಷದ ಮಗುವಾಗಿದ್ದಾಗ ಶುರು ಮಾಡಿದ್ದೇ ಅಂಥ ಬೋರ್ಡಿನಿಂದ. ಹತ್ತು ವರ್ಷದೊಳಗಿನ ಮಕ್ಕಳಿರುವ ಮನೆಗೆ ಅದು ಸರಿ. ಮೊನೆ ಇಲ್ಲ, ಗೋಡೆ ಹಾಳಾಗುವುದಿಲ್ಲ, 501 ಅಂಕದಿಂದ ಹೊಡೆದಷ್ಟನ್ನು ಕಳೆಯುತ್ತ ಬರುವ ಆಟದ ಲೆಕ್ಕ ಬಾಯಿಗೆ ಬರುತ್ತದೆ. ದೊಡ್ಡವರಿಗೆ ಅದರಿಂದ ಲಾಭವಿಲ್ಲ. ಡಾರ್ಟ್ ಹಗುರ, ಬಿದ್ದ ಮೇಲೆ ಜಾರುತ್ತದೆ, ಓರೆಯಾಗಿ ಹೋದರೆ ಅಂಟುವುದೇ ಇಲ್ಲ.

ಇನ್ನು ಕತ್ತಾಳೆ ಬೋರ್ಡು. ಇಂಗ್ಲಿಷಿನವರು ಸೈಸಲ್ ಎನ್ನುವುದು ನಮ್ಮ ಹೊಲದ ಬದುಗಳಲ್ಲಿ ನಿಂತಿರುವ ಕತ್ತಾಳೆಯ ಬಳಗದ್ದೇ ನಾರು. ಅದನ್ನು ಕಟ್ಟುಕಟ್ಟಾಗಿ ಕತ್ತರಿಸಿ, ತುದಿಗಳು ನಮ್ಮ ಕಡೆ ಇರುವಂತೆ ನಿಲ್ಲಿಸಿ, ಭಾರೀ ಒತ್ತಡದಲ್ಲಿ ಬಿಗಿದಿರುತ್ತಾರೆ. ಕಟ್ಟಿದ ಪೊರಕೆಯನ್ನು ತುದಿಯ ಕಡೆಯಿಂದ ನೋಡಿದ ಹಾಗೆ. ಮೊನೆ ನಾರನ್ನು ಕತ್ತರಿಸದೆ ಸರಿಸಿಕೊಂಡು ಒಳಹೋಗುತ್ತದೆ, ಕಿತ್ತ ಮೇಲೆ ನಾರು ಮತ್ತೆ ಕೂಡಿಕೊಳ್ಳುತ್ತದೆ. ಬೋರ್ಡಿನ ದಪ್ಪ ಸುಮಾರು 38 ಮಿ.ಮೀ., ತೂಕ ಸುಮಾರು 5 ಕೆ.ಜಿ. ಎತ್ತಿದಾಗ ಹಗುರವೆನಿಸಿದರೆ ಅನುಮಾನಿಸಿ.

ಇದರಲ್ಲೂ ಕೊಳ್ಳುವಾಗ ನೋಡಬೇಕಾದದ್ದು ತಂತಿ. ಅಗ್ಗದ ಕತ್ತಾಳೆ ಬೋರ್ಡಿನಲ್ಲಿ ತಂತಿ ಗುಂಡಗೆ, ದಪ್ಪಗೆ ಇದ್ದು, ಅಲ್ಲಲ್ಲಿ ಪಿನ್ನು ಹೊಡೆದು ನಿಲ್ಲಿಸಿರುತ್ತದೆ. ಮೊನೆ ಆ ಗುಂಡು ತಂತಿಗೋ ಪಿನ್ನಿಗೋ ತಗುಲಿದರೆ ಪುಟಿದು ಹಿಂದಕ್ಕೆ ಬರುತ್ತದೆ. ಒಳ್ಳೆಯ ಬೋರ್ಡಿನಲ್ಲಿ ತಂತಿಯ ಬದಲು ತೆಳ್ಳನೆಯ ಉಕ್ಕಿನ ಪಟ್ಟಿ ನಾರಿನೊಳಗೇ ಕೂತಿರುತ್ತದೆ; ತಗುಲಿದ ಮೊನೆ ಆಚೆಗೋ ಈಚೆಗೋ ಜಾರಿ ಒಳಗೇ ಇಳಿಯುತ್ತದೆ. 2022ರಿಂದ ವೃತ್ತಿಪರ ಪಂದ್ಯಗಳಲ್ಲಿ ಬಳಸುತ್ತಿರುವ ವಿನ್‌ಮೌ ಬೋರ್ಡು ಈ ಜಾತಿಯದು. ಅದರ ಅತಿ ದುಬಾರಿ ಮಾದರಿಯೇ ಬೇಕೆಂದೇನಿಲ್ಲ. ಪಿನ್ನಿಲ್ಲದ ತೆಳು ಪಟ್ಟಿ, ಕಳಚಿ ತಿರುಗಿಸಬಹುದಾದ ಅಂಕಿಯ ಉಂಗುರ, ಇವೆರಡು ಇದ್ದರೆ ಕೆಳಗಿನ ಮಾದರಿಯೂ ಸಾಕು.

ತೂಗುವಾಗಲೇ ಹೆಚ್ಚಿನವರು ಎಡವುವುದು. ಬುಲ್‌ನ ನಡುಬಿಂದು ನೆಲದಿಂದ 1.73 ಮೀಟರ್ ಎತ್ತರದಲ್ಲಿರಬೇಕು. ಎಸೆಯುವ ಗೆರೆ 2.37 ಮೀಟರ್ ದೂರ, ಅದೂ ಬೋರ್ಡಿನ ಮುಖದಿಂದ, ಗೋಡೆಯಿಂದ ಅಲ್ಲ. ನಮ್ಮಲ್ಲಿ ಇದರ ವ್ಯತ್ಯಾಸ ಇನ್ನೂ ದೊಡ್ಡದಾಗುತ್ತದೆ. ಅಗ್ರಹಾರ, ಚಾಮರಾಜಪುರಂ ಕಡೆಯ ಹಳೆಯ ಮನೆಗಳ ಗಾರೆ ಗೋಡೆಯಲ್ಲಿ ಒಂದೇ ಸ್ಕ್ರೂ ನಿಲ್ಲುವುದಿಲ್ಲ, ಸುಣ್ಣ ಉದುರಿ ಸಡಿಲವಾಗುತ್ತದೆ. ಅಂಥ ಕಡೆ 18 ಮಿ.ಮೀ. ಪ್ಲೈವುಡ್ಡಿನ ಎರಡಡಿ ಚೌಕವನ್ನು ನಾಲ್ಕು ಮೂಲೆಗೆ ರಾವಲ್ ಪ್ಲಗ್ ಹಾಕಿ ಬಿಗಿದು, ಅದರ ಮೇಲೆ ಬೋರ್ಡು ತೂಗಬೇಕು. ಈಗ ಪ್ಲೈವುಡ್ 18, ಬೋರ್ಡು 38, ಒಟ್ಟು 56 ಮಿ.ಮೀ. ಗೋಡೆಯಿಂದ ಅಳೆದು ಗೆರೆ ಎಳೆದವರು ಐದೂವರೆ ಸೆಂಟಿಮೀಟರಿಗಿಂತ ಹೆಚ್ಚು ಹತ್ತಿರ ನಿಂತಿರುತ್ತಾರೆ. ಗಾರೆ ಕೆಲಸದವರ ತೂಗುಗುಂಡನ್ನು ಬೋರ್ಡಿನ ಮುಖಕ್ಕೆ ತಾಗಿಸಿ ಕೆಳಗಿಳಿಸಿ, ಅದು ನೆಲ ಮುಟ್ಟಿದ ಬಿಂದುವಿನಿಂದ ಅಳೆಯಿರಿ. ಕೊನೆಗೆ ಬುಲ್‌ನಿಂದ ಗೆರೆಗೆ ಓರೆಯಾಗಿ ಟೇಪು ಹಿಡಿದು ನೋಡಿ: 2.93 ಮೀಟರ್ ಬಂದರೆ ಎತ್ತರ, ದೂರ ಎರಡೂ ಸರಿ.

ಬಾಗಿಲು ತೆರೆಯುವ ಕಡೆ ಬೋರ್ಡು ಬೇಡ. ಎಸೆಯುವ ಹೊತ್ತಿಗೆ ಒಳಗಿಂದ ಯಾರಾದರೂ ಬಂದರೆ ಮೊನೆ ನಿಲ್ಲುವುದಿಲ್ಲ.

ನೆಲದ ಮಾತು. ಕೆಳಗೆ ಬಿದ್ದ ಡಾರ್ಟ್ ವಿಟ್ರಿಫೈಡ್ ಟೈಲಿನ ಅಂಚು ಹಾರಿಸುತ್ತದೆ, ಹಳೆಯ ರೆಡ್ ಆಕ್ಸೈಡ್ ನೆಲಕ್ಕೆ ಗುಳಿ ಬೀಳಿಸುತ್ತದೆ, ಮೊನೆಯೂ ಬಾಗುತ್ತದೆ. ಡಾರ್ಟ್ಸ್‌ಗೆಂದೇ ಮಾರುವ ಮ್ಯಾಟು ದುಬಾರಿ. ಮಂಡ್ಯದಲ್ಲಿ ಹಸುವಿನ ಕೊಟ್ಟಿಗೆಗೆ ಹಾಸುವ ರಬ್ಬರ್ ಮ್ಯಾಟು ಎಲ್ಲರಿಗೂ ಗೊತ್ತು. ಅದು ಈ ಕೆಲಸಕ್ಕೆ ಹೇಳಿ ಮಾಡಿಸಿದ ಹಾಗಿದೆ. ಭಾರವಿರುವುದರಿಂದ ಕಾಲಡಿ ಜರುಗುವುದಿಲ್ಲ, ಬಿದ್ದ ಮೊನೆ ಬಾಗುವುದಿಲ್ಲ. ಹೊಸದಕ್ಕೆ ರಬ್ಬರ್ ವಾಸನೆ ಬಲವಾಗಿರುತ್ತದೆ, ಒಂದು ವಾರ ತಾರಸಿಯ ಮೇಲೆ ಗಾಳಿಗೆ ಹಾಕಿ. ಮರೆಯಬಾರದ ಒಂದು ಸಂಗತಿ: ನೀವು ಆ ಮ್ಯಾಟಿನ ಮೇಲೆ ನಿಂತರೆ ಅದರ ದಪ್ಪದಷ್ಟು ಮೇಲೇರಿರುತ್ತೀರಿ. 1.73 ಮೀಟರನ್ನು ಮ್ಯಾಟಿನ ಮೇಲ್ಮೈಯಿಂದ ಅಳೆಯಬೇಕು.

ಬೆಳಕಿಗೆ ಕೋಣೆಯ ಟ್ಯೂಬ್‌ಲೈಟ್ ಸಾಲದು. ಒಂದೇ ಕಡೆಯಿಂದ ಬೆಳಕು ಬಿದ್ದರೆ ಮೊದಲ ಡಾರ್ಟಿನ ನೆರಳು ಟ್ರೆಬಲ್ ಪಟ್ಟಿಯನ್ನೇ ಮುಚ್ಚುತ್ತದೆ. ಬೋರ್ಡಿನ ಸುತ್ತ ಕೂರುವ ಎಲ್‌ಇಡಿ ಉಂಗುರ ಹಾಕಿದರೆ ನೆರಳೇ ಇರುವುದಿಲ್ಲ. ಮೊದಲ ದಿನವೇ ಬೇಕೆಂದಿಲ್ಲ, ಆದರೆ ಎರಡನೇ ಖರ್ಚು ಇದೇ ಆಗಲಿ.

ಡಾರ್ಟಿನ ವಿಷಯಕ್ಕೆ ಬಂದರೆ, ಬೋರ್ಡಿನ ಜೊತೆ ಉಚಿತವಾಗಿ ಬರುವ ಹಿತ್ತಾಳೆ ಡಾರ್ಟ್‌ಗಳನ್ನು ನೆಂಟರಿಗೆ ಎತ್ತಿಡಿ. ಹಿತ್ತಾಳೆಗೆ ಹೋಲಿಸಿದರೆ 90% ಟಂಗ್‌ಸ್ಟನ್ ಮಿಶ್ರಲೋಹ ಸುಮಾರು ಎರಡು ಪಟ್ಟು ಸಾಂದ್ರ. ಅದೇ 22 ಗ್ರಾಂ ತೂಕಕ್ಕೆ ಹಿತ್ತಾಳೆಯ ಬ್ಯಾರೆಲ್, ಅಂದರೆ ಕೈಯಲ್ಲಿ ಹಿಡಿಯುವ ಲೋಹದ ಭಾಗ, ಪೆನ್ಸಿಲ್‌ಗಿಂತ ದಪ್ಪಗಾಗುತ್ತದೆ, ಟಂಗ್‌ಸ್ಟನ್ನಿನದು ಅದಕ್ಕಿಂತ ತೆಳ್ಳಗಿರುತ್ತದೆ. 180 ಅಂಕ, ಅಂದರೆ ಮೂರು ಸಲ 20ರ ಟ್ರೆಬಲ್, ಬರಬೇಕಾದರೆ ಮೂರೂ ಡಾರ್ಟ್ 8 ಮಿ.ಮೀ. ಎತ್ತರ, ಮೂರು ಸೆಂಟಿಮೀಟರಿಗಿಂತ ತುಸು ಹೆಚ್ಚು ಅಗಲದ ಜಾಗದಲ್ಲಿ ಕೂರಬೇಕು. ದಪ್ಪ ಬ್ಯಾರೆಲ್ ಎರಡು ಕೂತರೆ ಮೂರನೆಯದಕ್ಕೆ ದಾರಿಯೇ ಇಲ್ಲ. ವೃತ್ತಿಪರ ಪಂದ್ಯಗಳ ನಿಯಮದಲ್ಲಿ 50 ಗ್ರಾಂವರೆಗೂ ಅವಕಾಶವಿದೆ, ಆದರೆ ಹೆಚ್ಚಿನ ವೃತ್ತಿಪರರು ಎಸೆಯುವುದು 20ರಿಂದ 26 ಗ್ರಾಂ ಒಳಗೆ. ಹೊಸಬರಿಗೆ 22ರಿಂದ 24 ಗ್ರಾಂನ, ಉದ್ದಕ್ಕೂ ಒಂದೇ ದಪ್ಪವಿರುವ, ಅಡ್ಡಗೆರೆ ಕೊರೆದ ಬ್ಯಾರೆಲ್ ಒಳ್ಳೆಯದು. ಹಿಡಿತ ಹಿಂದುಮುಂದಾದರೂ ಅದು ಕೈಗೆ ಹೊಂದಿಕೊಳ್ಳುತ್ತದೆ.

ಲಿಟ್ಲರ್ ಹೆಸರಿನ ಸೆಟ್ಟುಗಳನ್ನು ಟಾರ್ಗೆಟ್ ಕಂಪನಿ ಮಾಡುತ್ತದೆ. ಅವರು ಎಸೆಯುವುದು ಸುಮಾರು 23 ಗ್ರಾಂನದು. ಸೆಟ್ಟಿನ ಗುಣದ ಬಗ್ಗೆ ತಕರಾರಿಲ್ಲ, ಆದರೆ ಬೆಲೆಯಲ್ಲಿ ಒಂದಷ್ಟು ಹೋಗುವುದು ಹೆಸರಿಗೆ. ಅದೇ ತೂಕ, ಅದೇ ಶೇಕಡಾ ಟಂಗ್‌ಸ್ಟನ್ ಇರುವ ಹೆಸರಿಲ್ಲದ ಸೆಟ್ಟು ಕೊಂಡು, ಉಳಿದದ್ದರಲ್ಲಿ ಮ್ಯಾಟು, ದೀಪ ತಂದರೆ ಆಟ ಹೆಚ್ಚು ಸುಧಾರಿಸುತ್ತದೆ. ಹೆಸರಿನ ಹುರುಪಿಗೇ ಕೊಳ್ಳುವುದಾದರೆ ಬಣ್ಣ ನೋಡದೆ ಬ್ಯಾರೆಲ್ಲಿನ ಕೊರೆತ ನೋಡಿ. ಬಣ್ಣ ಬೆವರಿಗೆ ಮೊದಲು ಹೋಗುತ್ತದೆ, ಕೊರೆತ ವರ್ಷಗಟ್ಟಲೆ ಉಳಿಯುತ್ತದೆ.

ಹಿಂಬದಿಯ ಕಡ್ಡಿಯಾದ ಶಾಫ್ಟ್, ಅದರ ತುದಿಯ ರೆಕ್ಕೆಯಾದ ಫ್ಲೈಟ್ ಅಗ್ಗದ ಭಾಗಗಳು, ಆದರೆ ಡಾರ್ಟ್ ಹಾರುವ ರೀತಿಯನ್ನು ತೀರ್ಮಾನಿಸುವುದು ಅವೇ. 41 ಮಿ.ಮೀ. ಆಸುಪಾಸಿನ ನೈಲಾನ್ ಶಾಫ್ಟ್, ಅಗಲ ರೆಕ್ಕೆಯ ಸ್ಟ್ಯಾಂಡರ್ಡ್ ಫ್ಲೈಟ್, 100 ಮೈಕ್ರಾನ್ ದಪ್ಪದ್ದು, ಇದರಿಂದ ಶುರು ಮಾಡಿ. ಡಾರ್ಟ್ ಬಾಲ ಆಡಿಸುತ್ತ ಹೋದರೆ ಫ್ಲೈಟ್ ಚಿಕ್ಕದಾಯಿತು ಅಥವಾ ಶಾಫ್ಟ್ ಗಿಡ್ಡವಾಯಿತು ಎಂದರ್ಥ. ಗುಂಪಾಗಿ ಬೀಳತೊಡಗಿ ಒಂದರ ರೆಕ್ಕೆ ಇನ್ನೊಂದನ್ನು ತಳ್ಳುತ್ತಿದ್ದರೆ ಚಿಕ್ಕ ಫ್ಲೈಟ್‌ಗೆ ಹೋಗುವ ಹೊತ್ತು ಬಂತು. ಒಂದು ಸಲಕ್ಕೆ ಒಂದನ್ನೇ ಬದಲಾಯಿಸಿ, ಕನಿಷ್ಠ ಒಂದು ವಾರ ಎಸೆದು ನೋಡಿ. ಎರಡನ್ನೂ ಒಟ್ಟಿಗೆ ಬದಲಿಸಿದರೆ ಫರಕು ಯಾವುದರಿಂದ ಬಂತೆಂದು ತಿಳಿಯುವುದಿಲ್ಲ.

ಶಾಫ್ಟ್ ಎಸೆಯುತ್ತ ಎಸೆಯುತ್ತ ಸಡಿಲವಾಗುವುದು ಸಹಜ. ಬ್ಯಾರೆಲ್ಲಿಗೂ ಶಾಫ್ಟ್‌ಗೂ ನಡುವೆ ಚಿಕ್ಕ ರಬ್ಬರ್ ಉಂಗುರ ಹಾಕಿದರೆ ನಿಲ್ಲುತ್ತದೆ. ಶಾಫ್ಟ್ ಮುರಿದು ತಿರುಪಿನ ತುಂಡು ಬ್ಯಾರೆಲ್ಲಿನೊಳಗೆ ಉಳಿದರೆ ಕನ್ನಡಕ ರಿಪೇರಿಯ ಸಣ್ಣ ಸ್ಕ್ರೂಡ್ರೈವರನ್ನು ನೈಲಾನಿಗೆ ಒತ್ತಿ ಎಡಕ್ಕೆ ತಿರುಗಿಸಿ ತೆಗೆಯಬಹುದು. ಅಲ್ಯೂಮಿನಿಯಂ ತುಂಡಾದರೆ ಅಷ್ಟು ಸುಲಭವಾಗಿ ಬರುವುದಿಲ್ಲ. ಮೊದಲಿಗೆ ನೈಲಾನ್ ಎಂದಿದ್ದು ಅದಕ್ಕೇ.

ಸಾಫ್ಟ್ ಟಿಪ್ ಎನ್ನುವ ಎಲೆಕ್ಟ್ರಾನಿಕ್ ಬೋರ್ಡು ಬೇರೆಯೇ ಆಟ. ಗೆರೆಯ ದೂರವೂ ಬೇರೆ, 2.44 ಮೀಟರ್. ಅದರ ಮಾತನ್ನು ಇಲ್ಲಿ ಎತ್ತುವುದಿಲ್ಲ.

ಕತ್ತಾಳೆ ಬೋರ್ಡಿನ ಆಯಸ್ಸು ಎರಡು ಸಂಗತಿಗಳ ಮೇಲಿದೆ. ಮೊದಲನೆಯದು ನೀರು. ಹಿಂದೆ ಎಲ್ಮ್ ಮರದ ಬೋರ್ಡುಗಳಿದ್ದಾಗ ಅವನ್ನು ನೀರಲ್ಲಿ ನೆನೆಸಿ ತೂತು ಮುಚ್ಚಿಸುತ್ತಿದ್ದರು. ಆ ಮಾತು ಕೇಳಿ ಕತ್ತಾಳೆಗೂ ನೀರು ಚಿಮುಕಿಸಿದರೆ ನಾರು ಉಬ್ಬಿ, ಪಟ್ಟಿಗಳು ಮೇಲೆದ್ದು, ಬೋರ್ಡು ಕೆಟ್ಟಂತೆಯೇ. ಆಯುಧಪೂಜೆಗೆ ಒರೆಸುವಾಗಲೂ ಒದ್ದೆ ಬಟ್ಟೆ ತಾಗಿಸಬೇಡಿ, ಒಣ ಬ್ರಷ್ ಸಾಕು. ಕುಂಕುಮವನ್ನು ಹೊರಗಿನ ಕಪ್ಪು ಅಂಚಿಗೆ ಇಡಿ. ಮಳೆಗಾಲದಲ್ಲಿ ಥಂಡಿ ಹಿಡಿಯುವ ಹೊರಗೋಡೆ ಬಿಟ್ಟು ಒಳಗೋಡೆಗೆ ತೂಗಿ, ಮಂಡ್ಯದ ನಾಲೆಯ ಬದಿಯ ಮನೆಗಳಲ್ಲಂತೂ ಖಂಡಿತ.

ಎರಡನೆಯದು ತಿರುಗಿಸುವುದು. ದಿನಾ ಎಸೆಯುವವರು ವಾರಕ್ಕೊಮ್ಮೆ ಅಂಕಿಯ ಉಂಗುರ ಕಳಚಿ, ಬೋರ್ಡನ್ನು ಎರಡು ಮನೆ (ಒಂದೊಂದು ಅಂಕಿಯ ಭಾಗ) ತಿರುಗಿಸಿ, ಉಂಗುರವನ್ನು 20 ಮೇಲೆ ಬರುವಂತೆ ಮತ್ತೆ ಕೂರಿಸಬೇಕು. ಒಂದು ಮನೆ ತಿರುಗಿಸಿದರೆ 20ರ ಜಾಗಕ್ಕೆ ಬಿಳಿ ಬರುತ್ತದೆ, ಅದು ಯಾವಾಗಲೂ ಕಪ್ಪೇ ಇರಬೇಕು. ಹೀಗೆ ಮಾಡಿದರೆ ಏಟು ಹಂಚಿಹೋಗುತ್ತದೆ.

ಮೊನೆಯನ್ನು ತಿಂಗಳಿಗೊಮ್ಮೆ ಉಗುರಿನ ಮೇಲೆ ಎಳೆದು ನೋಡಿ. ಗೀರಿದರೆ ಅಲ್ಲಿ ಮುಳ್ಳೆದ್ದಿದೆ, ಕೀಳುವಾಗ ಪ್ರತಿ ಸಲವೂ ನಾರಿನ ಎಳೆ ಹೊರಬರುತ್ತದೆ. ನಯವಾದ ಎಮರಿ ಪೇಪರನ್ನು ಮಡಿಸಿ ಹಿಡಿದು, ಮೊನೆಯನ್ನು ಊದುಬತ್ತಿ ಹೊಸೆದ ಹಾಗೆ ಅದರೊಳಗೆ ತಿರುಗಿಸಿ. ಸೂಜಿಯಷ್ಟು ಚೂಪು ಮಾಡಬೇಡಿ. ಅಂಥ ಮೊನೆ ನಾರನ್ನು ಸರಿಸುವ ಬದಲು ಸೀಳುತ್ತದೆ. ತುದಿ ತುಸು ಗುಂಡಗಿದ್ದರೆ ಸರಿ.