ಹಳೆಯ ಸಿಎನ್‌ಸಿ ಮಷಿನ್‌ಗೆ ಯುಎಸ್‌ಬಿ-ಸೀರಿಯಲ್ ಕೇಬಲ್: ಐದು ವರ್ಷ ಬಳಸಿದ ಮೇಲೆ

ಪೀಣ್ಯದ ಸಣ್ಣ ವರ್ಕ್‌ಶಾಪ್‌ಗಳಲ್ಲಿ ಹಳೆಯ ಸಿಎನ್‌ಸಿ ಮಷಿನ್‌ಗಳ (ಕಂಪ್ಯೂಟರ್ ಪ್ರೋಗ್ರಾಂ ಪ್ರಕಾರ ಲೋಹ ಕೊರೆಯುವ ಮಷಿನ್) ರಿಪೇರಿ ನನ್ನ ಕೆಲಸ. ನಾನು ನೋಡುವ ಮಷಿನ್‌ಗಳಲ್ಲಿ ಪೆನ್‌ಡ್ರೈವ್ ಚುಚ್ಚಲು ಜಾಗವೇ ಇಲ್ಲ, ಪ್ರೋಗ್ರಾಂ ಒಳಗೆ ಹೋಗಬೇಕು ಅಂದರೆ 25 ಪಿನ್ನಿನ ಆರ್‌ಎಸ್-232 ಅನ್ನುವ ಹಳೆಯ ಸೀರಿಯಲ್ ಪೋರ್ಟ್ ಒಂದೇ ದಾರಿ. ಈಗಿನ ಲ್ಯಾಪ್‌ಟಾಪ್‌ನಲ್ಲಿ ಆ ಪೋರ್ಟ್ ಬರಲ್ಲ. ಹಾಗಾಗಿ ನಡುವೆ ಒಂದು ಯುಎಸ್‌ಬಿ-ಸೀರಿಯಲ್ ಕೇಬಲ್ ಬೇಕೇ ಬೇಕು. ಎಫ್‌ಟಿಡಿಐ ಕಂಪನಿಯ ಎಫ್‌ಟಿ232ಆರ್ ಚಿಪ್ ಇರುವ ಕೇಬಲ್ಲನ್ನು ಐದು ವರ್ಷದಿಂದ ಬಳಸುತ್ತಿದ್ದೇನೆ.

ಅದಕ್ಕೆ ಮುಂಚೆ 250 ರೂಪಾಯಿಯ ಒಂದು ಕೇಬಲ್ ಇತ್ತು. ಚಿಕ್ಕ ಪ್ರೋಗ್ರಾಂ ಕಳಿಸುವಾಗ ಏನೂ ತೊಂದರೆ ಇರಲಿಲ್ಲ. ಅಚ್ಚಿನ ಕೆಲಸಕ್ಕೆ ಬಂದಾಗ ಬಣ್ಣ ಬಯಲಾಯಿತು. ಅಚ್ಚಿನ ಪ್ರೋಗ್ರಾಂ ಮಷಿನ್‌ನ ಮೆಮೊರಿಗಿಂತ ಎಷ್ಟೋ ದೊಡ್ಡದು, ಅದಕ್ಕೆ ಡ್ರಿಪ್ ಫೀಡ್ ಮಾಡುತ್ತೇವೆ: ಲ್ಯಾಪ್‌ಟಾಪ್ ಕಳಿಸುತ್ತಾ ಹೋಗುತ್ತದೆ, ಮಷಿನ್ ಕೊರೆಯುತ್ತಾ ಹೋಗುತ್ತದೆ. ಮಷಿನ್‌ನ ಬಫರ್ (ಬಂದ ಅಕ್ಷರ ತಾತ್ಕಾಲಿಕವಾಗಿ ಇಡುವ ಮೆಮೊರಿ) ತುಂಬಿದರೆ ಅದು ಎಕ್ಸಾಫ್ ಅನ್ನುವ ಅಕ್ಷರ ಕಳಿಸಿ 'ನಿಲ್ಲಿಸು' ಅನ್ನುತ್ತದೆ, ಖಾಲಿಯಾದರೆ ಎಕ್ಸಾನ್ ಕಳಿಸುತ್ತದೆ. ಆ 'ನಿಲ್ಲಿಸು' ಅನ್ನುವುದು ಯುಎಸ್‌ಬಿ ದಾಟಿ ಲ್ಯಾಪ್‌ಟಾಪ್ ತಲುಪಿ ಅದು ನಿಲ್ಲಿಸುವಷ್ಟರಲ್ಲಿ ಕೇಬಲ್ ಒಳಗೆ ಆಗಲೇ ತುಂಬಿಕೊಂಡಿದ್ದ ಅಕ್ಷರಗಳು ಹೊರಟುಬಿಟ್ಟಿರುತ್ತವೆ. 9600 ಬಾಡ್‌ನಲ್ಲಿ (ಸೆಕೆಂಡಿಗೆ 9600 ಬಿಟ್ ವೇಗ), ಒಂದು ಅಕ್ಷರಕ್ಕೆ 10 ಬಿಟ್ ಅಂತ ಹಿಡಿದರೆ, ಸೆಕೆಂಡಿಗೆ 960 ಅಕ್ಷರ. ಹೆಚ್ಚಾಗಿ ಬಂದ ಅಕ್ಷರ ಬಫರ್‌ನಲ್ಲಿ ಹಿಡಿಯದೆ ಮಷಿನ್ ಅಲಾರಂ ಕೊಟ್ಟು ಅರ್ಧಕ್ಕೆ ನಿಂತಿತು, ಟೂಲ್ ನಿಂತ ಕಡೆ ಗುರುತು ಬಿದ್ದು ಸ್ಟೀಲ್ ಬ್ಲಾಕ್ ದಂಡವಾಯಿತು. ಆ ಬ್ಲಾಕಿನ ದುಡ್ಡು ಕಟ್ಟಿದ್ದು ನಾನೇ.

ಎಫ್‌ಟಿ232ಆರ್‌ನಲ್ಲಿ ಈ ಎಕ್ಸಾನ್-ಎಕ್ಸಾಫ್ ಲೆಕ್ಕವನ್ನು ಚಿಪ್ ತಾನೇ ನೋಡಿಕೊಳ್ಳುತ್ತದೆ, ಲ್ಯಾಪ್‌ಟಾಪ್‌ಗೆ ಕಾಯಲ್ಲ. ನಾನು ಸುಮಾರು 1,600 ರೂಪಾಯಿ ಕೊಟ್ಟಿದ್ದು ಇದೊಂದಕ್ಕೇ. ನಾಲ್ಕೈದು ಗಂಟೆ ಓಡುವ ಡ್ರಿಪ್ ಫೀಡ್‌ನಲ್ಲೂ ಅದರಿಂದ ಅಲಾರಂ ಬಂದಿಲ್ಲ. ಇನ್ನೊಂದು ಅನುಕೂಲ, ಪ್ರತಿ ಚಿಪ್‌ಗೂ ಬೇರೆ ಸೀರಿಯಲ್ ನಂಬರ್ ಇರುವುದರಿಂದ ಯಾವ ಯುಎಸ್‌ಬಿ ತೂತಿಗೆ ಹಾಕಿದರೂ ವಿಂಡೋಸ್‌ನಲ್ಲಿ ಅದೇ ಕಾಮ್ ಪೋರ್ಟ್ ನಂಬರ್ ಸಿಗುತ್ತದೆ. ಹಳೆಯ ಕೇಬಲ್‌ನಲ್ಲಿ ಪ್ರತಿ ಸಲ ಹುಡುಕಬೇಕಿತ್ತು.

ಕೊರತೆಯೂ ಇದೆ. ಸ್ಪಿಂಡಲ್ (ಟೂಲ್ ತಿರುಗಿಸುವ ಭಾಗ) ಶುರುವಾದ ಕೂಡಲೇ ಒಂದು ವರ್ಕ್‌ಶಾಪ್‌ನಲ್ಲಿ ಕನೆಕ್ಷನ್ ಕಟ್ ಆಗುತ್ತಿತ್ತು. ಲ್ಯಾಪ್‌ಟಾಪ್ ಚಾರ್ಜರ್ ತೆಗೆದು ಬ್ಯಾಟರಿಯಲ್ಲಿ ಓಡಿಸಿದಾಗ ಆ ತೊಂದರೆ ನಿಂತಿತು. ಮಷಿನ್‌ನ ಅರ್ಥಿಂಗೂ ಚಾರ್ಜರ್ ಹಾಕಿದ ಸಾಕೆಟ್‌ನ ಅರ್ಥಿಂಗೂ ಒಂದೇ ಮಟ್ಟದಲ್ಲಿರಲಿಲ್ಲ. ಈ ಕೇಬಲ್ಲಿನಲ್ಲಿ ಐಸೋಲೇಶನ್ (ಎರಡೂ ಕಡೆಯ ಕರೆಂಟನ್ನು ಬೇರೆ ಬೇರೆ ಇಡುವ ವ್ಯವಸ್ಥೆ) ಇಲ್ಲ, ಅಂಥ ಜಾಗದಲ್ಲಿ ದಿನಾ ಕೆಲಸ ಇದ್ದರೆ ಐಸೋಲೇಟೆಡ್ ಕನ್ವರ್ಟರನ್ನೇ ತಗೊಳ್ಳಿ, ಸುಮ್ನೆ ಪೋರ್ಟ್ ಸುಟ್ಟುಕೊಳ್ಳಬೇಡಿ. ಯುಎಸ್‌ಬಿ ಕಡೆಯ ವೈರು ಮೂರನೇ ವರ್ಷಕ್ಕೆ ಬುಡದಲ್ಲಿ ಸಡಿಲವಾಯಿತು, ಹೀಟ್ ಶ್ರಿಂಕ್ ಹಾಕಿದ ಮೇಲೆ ಗಟ್ಟಿಯಾಗಿದೆ.

ಹೊಸದಾಗಿ ತಗೊಳ್ಳುವವರು ಕೇಬಲ್ ಕೆಟ್ಟಿದೆ ಅಂತ ವಾಪಸ್ ಕಳಿಸುವ ಮುಂಚೆ ವೈರಿಂಗ್ ನೋಡಿ. 2, 3ನೇ ಪಿನ್ನಿನ ವೈರು ಕ್ರಾಸ್ (ಅದಲುಬದಲು) ಮಾಡಬೇಕು ಅಂತ ಎಲ್ಲರೂ ಹೇಳುತ್ತಾರೆ, ಅಲ್ವಾ? ಆದರೆ ಕೇಬಲ್ ಕಡೆಯ 9 ಪಿನ್ನಿನಲ್ಲಿ 2 ಡೇಟಾ ಬರುವ ವೈರು, ಮಷಿನ್ ಕಡೆಯ 25 ಪಿನ್ನಿನಲ್ಲಿ 2 ಡೇಟಾ ಹೋಗುವ ವೈರು. ಅದಕ್ಕೆ 2ಕ್ಕೆ 2, 3ಕ್ಕೆ 3 ನೇರ, ಗ್ರೌಂಡ್ 5ರಿಂದ 7ಕ್ಕೆ. ನಾನು 25 ಪಿನ್ ಕಡೆ 4-5 ಒಟ್ಟಿಗೆ, 6-8-20 ಒಟ್ಟಿಗೆ ಬೆಸುಗೆ ಹಾಕುತ್ತೇನೆ. ಬಾಡ್ ರೇಟ್, 7 ಬಿಟ್, ಈವನ್ ಪ್ಯಾರಿಟಿ, ಸ್ಟಾಪ್ ಬಿಟ್ ಇವೆಲ್ಲ ಮಷಿನ್‌ನ ಪ್ಯಾರಾಮೀಟರಿನಲ್ಲಿ ಹೇಗಿದೆಯೋ ಲ್ಯಾಪ್‌ಟಾಪ್‌ನಲ್ಲೂ ಹಾಗೇ ಇರಬೇಕು. ಮೊದಲ ಸಲ ಟೂಲ್ ಇಲ್ಲದೆ, ಗಾಳಿಯಲ್ಲಿ ಓಡಿಸಿ ನೋಡಿ.