ಆಡಿಷನ್ ವಿಡಿಯೊಗೆ ದಾವಣಗೆರೆಯಲ್ಲೊಂದು ಸ್ಟುಡಿಯೊ

ಸಾಣೇಹಳ್ಳಿಯಿಂದ ಹೊರಟು 1997ರಿಂದ ನಾಡು ಸುತ್ತುತ್ತಿರುವ ಶಿವಸಂಚಾರ ನಾಟಕ ತಂಡದಲ್ಲಿ ಒಂದು ವರ್ಷ ತಿರುಗಿ, ಆಮೇಲೆ ಎರಡು ಕಿರುಚಿತ್ರಗಳಲ್ಲಿ ಮತ್ತು ಒಂದು ಸ್ವತಂತ್ರ ಚಿತ್ರದ ನಾಲ್ಕು ದೃಶ್ಯಗಳಲ್ಲಿ ನಟಿಸಿರುವ ನನಗೆ, ಈ ಮೂರು ವರ್ಷಗಳಲ್ಲಿ ಎಲ್ಲಕ್ಕಿಂತ ಹೆಚ್ಚು ಉಪಯೋಗಕ್ಕೆ ಬಂದಿರುವುದು ದಾವಣಗೆರೆಯ ಪಿ.ಜೆ. ಬಡಾವಣೆಯ ಒಂದು ಪುಟ್ಟ ಸ್ಟುಡಿಯೊ. ಮದುವೆ, ನಾಮಕರಣಗಳ ಚಿತ್ರೀಕರಣವೇ ಅವರ ಮುಖ್ಯ ಕಸುಬು. ಆಡಿಷನ್ ವಿಡಿಯೊಗಳನ್ನು ವಾರದ ನಡುವಿನ ಮಧ್ಯಾಹ್ನಗಳಲ್ಲಿ ಮಾತ್ರ ಮಾಡಿಕೊಡುತ್ತಾರೆ. ಕಡಿಮೆ ಬಂಡವಾಳದ ಚಿತ್ರತಂಡಗಳು ನನ್ನನ್ನು ಮೊದಲ ಸುತ್ತಿಗೆ ಬೆಂಗಳೂರಿಗೆ ಕರೆಸಿದ್ದೇ ಇಲ್ಲ. ಎರಡು ಪುಟ ಸಂಭಾಷಣೆ ಕಳಿಸಿ, ಮೂರು ದಿನದೊಳಗೆ ವಿಡಿಯೊ ಕೇಳುತ್ತವೆ. ನಟಿಸಿದ ಕಿರುಚಿತ್ರ ಎಡಿಟಿಂಗ್ ಮುಗಿಯದೆ ತಿಂಗಳುಗಟ್ಟಲೆ ಉಳಿದುಬಿಟ್ಟರೆ ತೋರಿಸಲು ನಮ್ಮ ಕೈಯಲ್ಲಿ ಬೇರೇನೂ ಇರುವುದಿಲ್ಲ.

ಇಲ್ಲಿನ ದೊಡ್ಡ ಅನುಕೂಲವೆಂದರೆ ಎದುರು ಪಾತ್ರದ ಮಾತುಗಳನ್ನು ಓದಲು ಒಬ್ಬರಿರುವುದು. ಮಾಲೀಕರ ಪತ್ನಿ ಕ್ಯಾಮೆರಾದ ಪಕ್ಕದಲ್ಲೇ, ಲೆನ್ಸಿನ ಎತ್ತರಕ್ಕೆ ತಮ್ಮ ಕಣ್ಣು ಬರುವಂತೆ ಸ್ಟೂಲಿನ ಮೇಲೆ ಕುಳಿತು, ತಾವು ನಟಿಸಲು ಹೋಗದೆ, ಸಮಯಕ್ಕೆ ಸರಿಯಾಗಿ ಓದುತ್ತಾರೆ. ಮನೆಯಲ್ಲಿ ಮೊಬೈಲನ್ನು ಅಕ್ಕಿ ಡಬ್ಬಿಗೆ ಒರಗಿಸಿಟ್ಟು ಗೋಡೆಯೊಂದಿಗೆ ಮಾತನಾಡುವಾಗ ನನ್ನ ನೋಟ ಎಲ್ಲಿಯೂ ನಿಲ್ಲುತ್ತಿರಲಿಲ್ಲ. ಕಳೆದ ಸಲ, ಮಗಳು ತಂದೆಯನ್ನು ಹೊಲದ ಪತ್ರ ಕೇಳುವ ದೃಶ್ಯವಿತ್ತು. ರಂಗದ ಅಭ್ಯಾಸಬಲದಿಂದ ನಾನು ಕೊನೆಯ ಸಾಲಿಗೂ ಕೇಳುವಂತೆ ಹೇಳಿದಾಗ ಮಾಲೀಕರು ಕ್ಯಾಮೆರಾ ನಿಲ್ಲಿಸಿ, "ಅಷ್ಟು ದೂರ ಯಾರೂ ಕೂತಿಲ್ಲಮ್ಮಾ, ಈ ಅಕ್ಕಂಗೆ ಕೇಳಿದ್ರೆ ಸಾಕು" ಎಂದರು. ಮುಂದಿನ ಟೇಕ್‌ನಲ್ಲಿ "ಅಪ್ಪಾ" ಎಂಬುದು ಅರ್ಧ ಗಂಟಲಲ್ಲೇ ಉಳಿಯಿತು. ಕಳಿಸಿದ್ದು ಅದನ್ನೇ, ಪಾತ್ರ ಸಿಕ್ಕಿದ್ದೂ ಅದರಿಂದಲೇ.

ಧ್ವನಿಯ ವಿಷಯದಲ್ಲಿ ಅವರಿಗಿರುವ ಎಚ್ಚರವನ್ನು ಹೇಳಲೇಬೇಕು. ಫ್ಯಾನ್ ಆರಿಸಿ, ಕಿಟಕಿಗೆ ದಪ್ಪ ಕಂಬಳಿ ಇಳಿಬಿಟ್ಟು, ಸೆರಗು ಉಜ್ಜದ ಕಡೆ ನೋಡಿ ಕಾಲರ್ ಮೈಕ್ ಸಿಕ್ಕಿಸುತ್ತಾರೆ. 2015ರಲ್ಲಿ ಲೊಕಾರ್ನೊ ಚಿತ್ರೋತ್ಸವದಲ್ಲಿ ಪ್ರಶಸ್ತಿ ಪಡೆದ 'ತಿಥಿ'ಯಲ್ಲಿ ಮಂಡ್ಯ ಸೀಮೆಯ ಹಳ್ಳಿಗರೇ ತಮ್ಮ ಮಾತಿನಲ್ಲಿ ನಟಿಸಿದ್ದನ್ನು ನೋಡಿದವರಿಗೆ, ಕಲಾವಿದರ ಸ್ವಂತ ಧಾಟಿ ಇಂಥ ಚಿತ್ರಗಳಲ್ಲಿ ಎಷ್ಟು ಬೆಲೆಯುಳ್ಳದ್ದೆಂದು ತಿಳಿದಿರುತ್ತದೆ. ಹಿಂದೆ ಒಂದು ತರಬೇತಿ ತರಗತಿಯಲ್ಲಿ ನನ್ನ ಮಾತಿನಿಂದ ದಾವಣಗೆರೆಯನ್ನು ಅಳಿಸಲು ತಿಂಗಳುಗಟ್ಟಲೆ ತಿದ್ದಿದ್ದರು. ಇಲ್ಲಿ ಹಾಗೆ ಯಾರೂ ತಿದ್ದಲು ಬರುವುದಿಲ್ಲ.

ಮುಖಕ್ಕೆ ಮಾತ್ರ ಅವರು ಅದೇ ಮರ್ಯಾದೆ ತೋರಲಿಲ್ಲ. ಮದುವೆ ಆಲ್ಬಮ್ಮಿನ ರೂಢಿಯಂತೆ ಮೊದಲ ಸಲ ನನ್ನ ಬಣ್ಣ ತಿಳಿಯಾಗಿಸಿ, ಕೆನ್ನೆಯ ಕಲೆ ಅಳಿಸಿ ಕೊಟ್ಟಿದ್ದರು. ರೈತನ ಮಗಳ ಪಾತ್ರಕ್ಕೆ ಆ ಮುಖ ಸಲ್ಲುತ್ತಿರಲಿಲ್ಲ. ಮರುಮಾತಿಲ್ಲದೆ ಸರಿಪಡಿಸಿಕೊಟ್ಟರಾದರೂ ಒಂದು ದಿನ ಹೋಯಿತು. ಅರ್ಧ ಗಂಟೆಗೆ 800 ರೂಪಾಯಿ ಪಡೆಯುತ್ತಾರೆ. ಪರಿಚಯದ ತುಣುಕು, ಎಡ-ಬಲ ಮುಖಗಳ ಚಿತ್ರೀಕರಣ ಅದರಲ್ಲೇ ಸೇರಿದೆ. ಮದುವೆಯ ಹಂಗಾಮಿನಲ್ಲಿ ವಾರ ಮೊದಲೇ ಹೇಳಿಡಬೇಕು, ಬಣ್ಣ ಮುಟ್ಟಬಾರದೆಂಬುದನ್ನೂ ಆಗಲೇ ತಿಳಿಸಬೇಕು.